ಬೇಕಿಂಗ್ ನನ್ನ ಮುಖಕ್ಕೆ ಆಗುತ್ತಾ? ಟ್ರಯಲ್‌ನಲ್ಲಿ ಕಣ್ಣ ಕೆಳಗೆ ಬಿರುಕು ಬಿಟ್ಟಿತು

ಹೊಸಹಳ್ಳಿ ಹುಡುಗಿ

ಎಲ್ಲರಿಗೂ ನಮಸ್ಕಾರ. ಫೆಬ್ರುವರಿಯಲ್ಲಿ ತಂಗಿಯ ಮದುವೆ, ಮಂಡ್ಯದಲ್ಲೇ. ಹಿಂದಿನ ಸಂಜೆ ಆರತಕ್ಷತೆ, ಮರುದಿನ ಬೆಳಿಗ್ಗೆ ಮುಹೂರ್ತ. ನಾನು ಕೆಲಸ ಮಾಡುವುದು ಮೈಸೂರಿನಲ್ಲಿ. ಕಳೆದ ಶನಿವಾರ ಅಕ್ಕತಂಗಿ ಇಬ್ಬರೂ ಒಂದು ಪಾರ್ಲರ್‌ಗೆ ಹೋಗಿ ಮೇಕಪ್ ಟ್ರಯಲ್ ಮಾಡಿಸಿಕೊಂಡೆವು.

ಇಬ್ಬರಿಗೂ ಬೇಕಿಂಗ್ ಮಾಡಿದರು. ಕಣ್ಣ ಕೆಳಗೆ ಕಪ್ಪು ಮುಚ್ಚುವ ಕನ್ಸೀಲರ್ ಹಚ್ಚಿ, ಅದರ ಮೇಲೆ ಒದ್ದೆ ಸ್ಪಾಂಜಿನಿಂದ ಲೂಸ್ ಪೌಡರ್ ದಪ್ಪಗೆ ಮೆತ್ತಿ, ಹತ್ತು ನಿಮಿಷ ಹಾಗೇ ಬಿಟ್ಟರು. ಆಮೇಲೆ ಬ್ರಶ್ಶಿನಿಂದ ಕೊಡವಿದರು. ತಂಗಿಯ ಮುಖ ರಾತ್ರಿ ಒಂಬತ್ತಾದರೂ ಹಾಗೇ ಇತ್ತು, ನಯವಾಗಿ. ನನಗೆ ಎರಡು ಗಂಟೆಯಲ್ಲಿ ಕಣ್ಣ ಕೆಳಗೆಲ್ಲ ಗೆರೆ. ನೀರು ಬಿಡದ ಬೇಸಿಗೆಯಲ್ಲಿ ನಮ್ಮ ಗದ್ದೆ ಬಿರಿಯುತ್ತದಲ್ಲ, ಹಾಗೆ. ಅದೇ ಕೈ, ಅದೇ ಪೌಡರ್, ಒಂದೇ ತಾಯಿಯ ಮಕ್ಕಳು!

ಅಮ್ಮ ಬೇರೆ, "ಬೇಕಿಂಗ್ ಅಂದ್ರೆ ಕೇಕ್ ಮಾಡೋದಲ್ವೇನೇ, ಮುಖಾನ ಯಾಕೆ ಬೇಯಿಸ್ಕೊಂಡೆ?" ಎಂದು ಕೇಳಿ ಮನೆಮಂದಿಯನ್ನೆಲ್ಲ ನಗಿಸಿದರು.

ನನಗೆ 29. ಹಣೆ, ಮೂಗು ಮಧ್ಯಾಹ್ನಕ್ಕೆ ಎಣ್ಣೆ ಎಣ್ಣೆ. ಕೆನ್ನೆ ಒಣ. ಡಿಸೆಂಬರ್ ಬಂದರೆ ಮೂಗಿನ ಪಕ್ಕ ಸಿಪ್ಪೆ ಏಳುತ್ತದೆ. ಬೇಕಿಂಗ್ ನನಗೆ ಆಗುವುದೇ ಇಲ್ಲವಾ, ಅಥವಾ ಮಾಡಿದ ರೀತಿ ತಪ್ಪಾ? ಮದುವೆ ದಿನ ಕಂಡುಕೊಳ್ಳುವ ಬದಲು ಈಗಲೇ ತಿಳಿಯಬೇಕು.

ಸುಮ್ನೆ ಬಂದೆ

ನಾನು ಬೇಕರಿ ವಿಷಯ ಅಂದುಕೊಂಡು ಒಳಗೆ ಬಂದೆ. ದಿಲ್‌ಪಸಂದ್ ಇಲ್ಲವಾ ಇಲ್ಲಿ?

ಶಿವರಾಂಪೇಟೆ ಪಾರ್ಲರ್ ಅಕ್ಕ

ಹೊಸಹಳ್ಳಿ ತಂಗಿ, ಹದಿನಾಲ್ಕು ವರ್ಷದಿಂದ ಮದುಮಗಳ ಮೇಕಪ್ ಮಾಡುತ್ತಿದ್ದೇನೆ. ನಿಮ್ಮ ಇಬ್ಬರ ಚರ್ಮ ಬೇರೆ ಬೇರೆ. ಅಷ್ಟೇ ಕಾರಣ. ಒಂದೇ ತಾಯಿಯ ಮಕ್ಕಳಾದರೆ ಒಬ್ಬಳ ರವಿಕೆ ಇನ್ನೊಬ್ಬಳಿಗೆ ಆಗಬೇಕು ಅಂತಿದೆಯಾ?

ಪೌಡರ್ ಮಾಡುವ ಕೆಲಸ ಎಣ್ಣೆ ಹೀರುವುದು. ಎಣ್ಣೆ ಮೇಲೇಳುವ ಕಡೆ ಮೇಕಪ್ ಜಾರುತ್ತದೆ. ಅಲ್ಲಿ ಪೌಡರ್ ಮೆತ್ತಿ ಬಿಟ್ಟರೆ ಗಟ್ಟಿಯಾಗಿ ಕೂರುತ್ತದೆ. ಆದರೆ ಕಣ್ಣ ಕೆಳಗಿನ ಚರ್ಮ ಇಡೀ ಮುಖದಲ್ಲೇ ತೆಳು. ಎಣ್ಣೆ ಬಿಡುವ ಗ್ರಂಥಿಗಳೂ ಅಲ್ಲಿ ಕಡಿಮೆ. ಎಣ್ಣೆಯೇ ಇಲ್ಲದ ಕಡೆ ಎಣ್ಣೆ ಹೀರುವ ಪುಡಿ ಮೆತ್ತಿದರೆ ಅದು ಏನನ್ನು ಹೀರಬೇಕು? ನೀವು ಹಚ್ಚಿದ ಕನ್ಸೀಲರ್‌ನಲ್ಲಿರುವ ಎಣ್ಣೆಯಂಶವನ್ನೇ ಹೀರುತ್ತದೆ. ಕನ್ಸೀಲರ್ ಒಣಗುತ್ತದೆ. ನೀವು ನಕ್ಕಾಗ ಅದು ಬಗ್ಗುವುದಿಲ್ಲ, ಒಡೆಯುತ್ತದೆ.

ಮನೆಯಲ್ಲೇ ಒಂದು ಪರೀಕ್ಷೆ ಮಾಡಿ. ರಾತ್ರಿ ಮುಖ ತೊಳೆದು ಮೆತ್ತಗೆ ಒತ್ತಿ ಒರೆಸಿ. ಏನೂ ಹಚ್ಚಬೇಡಿ. ಒಂದು ಗಂಟೆ ಬಿಟ್ಟು ಒಂದೊಂದು ಟಿಶ್ಯೂ ಚೂರು ತೆಗೆದು ಹಣೆ, ಮೂಗು, ಕೆನ್ನೆ, ಗಲ್ಲ, ಕಣ್ಣ ಕೆಳಗೆ ಬೇರೆ ಬೇರೆ ಒತ್ತಿ. ಎಲ್ಲಿ ಜಿಡ್ಡು ಅಂಟಿತೋ ಅಲ್ಲಿ ಬೇಕಿಂಗ್ ಯೋಚಿಸಬಹುದು. ಎಲ್ಲಿ ಚರ್ಮ ಬಿಗಿದ ಹಾಗೆ ಅನ್ನಿಸಿತೋ ಅಲ್ಲಿ ಬೇಡ. ಇಡೀ ಮುಖಕ್ಕೆ ಒಂದೇ ಉತ್ತರ ಹುಡುಕುವುದರಲ್ಲೇ ತಪ್ಪಾಗುವುದು.

ಇನ್ನೊಂದು. ಈಗ ಬರುವ ಹುಡುಗಿಯರು ರೀಲ್ಸ್ ತೋರಿಸಿ "ಅಕ್ಕ, ಇದೇ ಬೇಕು" ಅನ್ನುತ್ತಾರೆ. ಬೇಡ ಅಂದರೆ ನಮಗೆ ಬರುವುದಿಲ್ಲ ಅಂದುಕೊಳ್ಳುತ್ತಾರೆ. ಹಾಗಾಗಿ ಎಷ್ಟೋ ಕಡೆ ಕೇಳದೆಯೂ ಮಾಡಿಬಿಡುತ್ತಾರೆ.

ಬಣ್ಣದ ಮನೆ

ನಾನು ಮದ್ದೂರು ಕಡೆಯವನು. ನಮ್ಮ ಅಪ್ಪ ನಾಟಕಗಳಿಗೆ ಬಣ್ಣ ಹಾಕುತ್ತಿದ್ದರು. ಮಂಡ್ಯ ಜಿಲ್ಲೆಯಲ್ಲಿ ಕುರುಕ್ಷೇತ್ರ ನಾಟಕ ಅಂದರೆ ಏನು ಅಂತ ಇಲ್ಲಿಯವರಿಗೆ ಹೇಳಬೇಕಿಲ್ಲ. ಊರಿನ ಶಿವಣ್ಣನೇ ಭೀಮ, ಹಾಲಿನ ಡೈರಿ ಸೆಕ್ರೆಟರಿಯೇ ದುರ್ಯೋಧನ. ರಾತ್ರಿಯೆಲ್ಲ ಫೋಕಸ್ ಲೈಟಿನ ಕೆಳಗೆ ಹಾಡಬೇಕು, ಗದೆ ತಿರುಗಿಸಬೇಕು. ಬೆವರು ಧಾರಾಕಾರ.

ಅಪ್ಪ ಮುಖಕ್ಕೆ ಬಣ್ಣ ಹಚ್ಚಿದ ಮೇಲೆ ದೊಡ್ಡ ಪಫ್‌ನಲ್ಲಿ ಪೌಡರ್ ಒತ್ತಿ ಒತ್ತಿ ಇಟ್ಟು, "ಮಾತಾಡಬೇಡ, ಬೀಡಿ ಸೇದಬೇಡ, ಕೂತ್ಕೊ" ಎಂದು ಬಿಟ್ಟುಬಿಡುತ್ತಿದ್ದರು. ಅಷ್ಟರಲ್ಲಿ ಇನ್ನೊಬ್ಬರ ಮುಖ ಮುಗಿಯುತ್ತಿತ್ತು. ಆಮೇಲೆ ಬಂದು ಕೊಡವುತ್ತಿದ್ದರು. ಈಗ ಅದನ್ನೇ ಬೇಕಿಂಗ್ ಅನ್ನುತ್ತಾರೆ. ಅಮೆರಿಕದಲ್ಲೂ ಇದು ರಂಗದಿಂದ ಬಂದದ್ದೇ. ಹೆಣ್ಣುವೇಷ ಹಾಕಿ ಕಾರ್ಯಕ್ರಮ ಕೊಡುವ ಡ್ರ್ಯಾಗ್ ಕಲಾವಿದರು ಬಿಸಿ ಲೈಟಿಗಾಗಿ ಮಾಡುತ್ತಿದ್ದರು. ಸುಮಾರು ಹತ್ತು ವರ್ಷದ ಹಿಂದೆ ಅಲ್ಲಿನ ಟಿವಿ ತಾರೆ ಕಿಮ್ ಕಾರ್ಡಾಶಿಯನ್ ಮುಖದಲ್ಲಿ ನೋಡಿದ ಮೇಲೆ ಮನೆಮನೆಗೂ ಬಂತು.

ನಾಟಕದ ಮುಖವನ್ನು ಜನ ಮೂವತ್ತು ಅಡಿ ದೂರದಿಂದ ನೋಡುತ್ತಾರೆ. ಭೀಮನ ಕಣ್ಣ ಕೆಳಗೆ ಗೆರೆ ಬಿದ್ದರೆ ಯಾರಿಗೂ ಕಾಣದು. ನಿಮ್ಮ ತಂಗಿ ಮದುವೆಯಲ್ಲಿ ಅತ್ತೆ, ಚಿಕ್ಕಮ್ಮಂದಿರು ಗಲ್ಲ ಹಿಡಿದು ಮಾತಾಡಿಸುತ್ತಾರೆ. ಅರ್ಧ ಅಡಿ ದೂರ.

ರಾಗಿಬಣ್ಣ

ಪಾರ್ಲರ್ ಅಕ್ಕ ಒಣ ಚರ್ಮ, ಜಿಡ್ಡು ಚರ್ಮ ಅಂದರು. ಸರಿ. ಬಣ್ಣದ ಬಗ್ಗೆ ಯಾರೂ ಮಾತಾಡಲಿಲ್ಲ, ಅದಕ್ಕೆ ನಾನು ಬಂದೆ.

ನನ್ನದು ಹೆಸರಿಗೆ ತಕ್ಕ ಬಣ್ಣ. ಚರ್ಮ ಜಿಡ್ಡು, ಅಂದರೆ ಲೆಕ್ಕದ ಪ್ರಕಾರ ಬೇಕಿಂಗ್‌ಗೆ ಹೇಳಿ ಮಾಡಿಸಿದ ಮುಖ. ಅಣ್ಣನ ಆರತಕ್ಷತೆಯಲ್ಲಿ ಮಾಡಿಸಿಕೊಂಡೆ. ಕನ್ನಡಿಯಲ್ಲಿ ಚೆನ್ನಾಗೇ ಇತ್ತು. ಆಲ್ಬಂ ಬಂದ ಮೇಲೆ ನೋಡಿದರೆ ಕಣ್ಣ ಕೆಳಗೆ, ಗಲ್ಲದ ಮೇಲೆ ವಿಭೂತಿ ಬಳಿದ ಹಾಗೆ. ಇಂದಿಗೂ ಚಿಕ್ಕಪ್ಪ ಆ ಫೋಟೋ ತೋರಿಸಿ "ಅಯ್ಯಪ್ಪ ಮಾಲೆ ಹಾಕಿದ್ಯಾ ಆವಾಗ?" ಅನ್ನುತ್ತಾರೆ.

ಬಣ್ಣವೇ ಇಲ್ಲದ್ದು, ಎಲ್ಲರಿಗೂ ಆಗುತ್ತೆ ಅಂತ ಮಾರುವ ಟ್ರಾನ್ಸ್‌ಲ್ಯೂಸೆಂಟ್ ಪೌಡರ್ ಡಬ್ಬಿಯಲ್ಲಿ ಬೆಳ್ಳಗೇ ಇರುತ್ತದೆ. ತೆಳ್ಳಗೆ ಒತ್ತಿದರೆ ಕಾಣುವುದಿಲ್ಲ. ದಪ್ಪಗೆ ಮೆತ್ತಿದರೆ ಪೂರ್ತಿ ಕೊಡವಲು ಆಗುವುದಿಲ್ಲ, ಕಪ್ಪು ಚರ್ಮದ ಮೇಲೆ ಬೂದು ಉಳಿಯುತ್ತದೆ. ಈಗ ನಾನು ಹಳದಿ ಛಾಯೆಯ ಪೌಡರ್ ತರುತ್ತೇನೆ, ಬನಾನಾ ಪೌಡರ್ ಅಂತ ಕೇಳಿದರೆ ಕೊಡುತ್ತಾರೆ. ಇನ್ನೂ ಗಾಢ ಬಣ್ಣದವರು ಕಿತ್ತಳೆ ಅಥವಾ ಕಂದು ಛಾಯೆಯದ್ದು ನೋಡಿ. ಆದ್ದರಿಂದ "ನನಗೆ ಆಗುತ್ತಾ" ಅನ್ನುವ ಪ್ರಶ್ನೆಯಲ್ಲಿ ಅರ್ಧ ಚರ್ಮದ್ದು, ಅರ್ಧ ಡಬ್ಬಿಯದ್ದು.

ಲ್ಯಾಬ್ ಕೋಟು

ರಾಗಿಬಣ್ಣ ಅವರ ಫೋಟೋ ಕಥೆಗೆ ಇನ್ನೊಂದು ಕಾರಣವೂ ಇರಬಹುದು. ನಾನು ಮೇಕಪ್ ಹಾಕುವವಳಲ್ಲ, ರಸಾಯನಶಾಸ್ತ್ರ ಪಾಠ ಮಾಡುವವಳು. ಡಬ್ಬಿಯ ಹಿಂದಿನ ಸಣ್ಣ ಅಕ್ಷರ ಓದುವುದು ನನ್ನ ಚಟ.

ಲೂಸ್ ಪೌಡರ್‌ನಲ್ಲಿ ಸಾಮಾನ್ಯವಾಗಿ ಇರುವುದು ಟಾಲ್ಕ್, ಸಿಲಿಕಾ, ಮೈಕಾ, ಕೆಲವದರಲ್ಲಿ ಜೋಳದ ಪಿಷ್ಟ. ಸಿಲಿಕಾ ಚೆನ್ನಾಗಿ ಎಣ್ಣೆ ಹೀರುತ್ತದೆ, ಚರ್ಮವನ್ನು ನಯವಾಗಿ ತೋರಿಸುತ್ತದೆ. ಆದರೆ ಕ್ಯಾಮೆರಾದ ಫ್ಲ್ಯಾಶ್ ಬಿದ್ದಾಗ ಆ ಬೆಳಕನ್ನು ನೇರ ಲೆನ್ಸಿನ ಕಡೆಗೇ ಚೆಲ್ಲುತ್ತದೆ. ಕಣ್ಣಿಗೆ ಕಾಣದ ಪುಡಿ ಫೋಟೋದಲ್ಲಿ ಸುಣ್ಣದ ಹಾಗೆ ಕಾಣುತ್ತದೆ. ಇದಕ್ಕೆ ಫ್ಲ್ಯಾಶ್‌ಬ್ಯಾಕ್ ಅನ್ನುತ್ತಾರೆ. 2014ರಲ್ಲಿ ನಟಿ ಏಂಜಲೀನಾ ಜೋಲಿ ಒಂದು ಸಮಾರಂಭಕ್ಕೆ ಹೋದಾಗ ಮುಖದ ಮೇಲೆ ಬಿಳಿ ಪುಡಿಯ ತೇಪೆ ಕಂಡು ಆ ಫೋಟೋ ಲೋಕವೆಲ್ಲ ಸುತ್ತಿತು. ಅಂಥವರ ಮೇಕಪ್‌ಗೇ ಹೀಗಾದ ಮೇಲೆ ನಮ್ಮ ಪಾಡೇನು! ಟೈಟಾನಿಯಂ ಡೈಆಕ್ಸೈಡ್, ಜಿಂಕ್ ಆಕ್ಸೈಡ್ ಇರುವ ಸನ್‌ಸ್ಕ್ರೀನ್ ಕೆಳಗಿದ್ದರೆ ಬಿಳುಪು ಇನ್ನೂ ಜಾಸ್ತಿ.

ಪರೀಕ್ಷೆ ಸುಲಭ. ಟ್ರಯಲ್ ಮುಗಿದ ಮೇಲೆ ಲೈಟ್ ಆರಿಸಿ, ಕತ್ತಲೆಯಲ್ಲಿ ಮೊಬೈಲ್ ಫ್ಲ್ಯಾಶ್ ಹಾಕಿ ಒಂದು ಫೋಟೋ ತೆಗೆಯಿರಿ.

"ದೇಹದ ಶಾಖದಲ್ಲಿ ಮೇಕಪ್ ಬೇಯುತ್ತದೆ" ಅನ್ನುವುದನ್ನು ನಾನು ಅಷ್ಟು ನಂಬುವುದಿಲ್ಲ. ಪೌಡರ್ ಹಚ್ಚಲಿ ಬಿಡಲಿ, ಚರ್ಮ ಬೆಚ್ಚಗೇ ಇರುತ್ತದೆ. ಆ ಹತ್ತು ನಿಮಿಷದಲ್ಲಿ ಆಗುವುದು ಹೀರುವಿಕೆ ಮತ್ತು ಆರುವಿಕೆ. ಹೊತ್ತು ಜಾಸ್ತಿಯಾದಷ್ಟೂ ಹೀರುವುದು ಜಾಸ್ತಿ. ಹಾಗಾಗಿ ಒಣ ಚರ್ಮದವರಿಗೆ ಪೌಡರ್ ಎಷ್ಟು ಅನ್ನುವುದರ ಜೊತೆಗೆ ಎಷ್ಟು ಹೊತ್ತು ಅನ್ನುವುದೂ ಮುಖ್ಯ.

ಇನ್ನು, ಪುಡಿ ಮೆತ್ತುವಾಗ ಉಸಿರು ಬಿಗಿಹಿಡಿಯಿರಿ. ಟಾಲ್ಕ್ ಆಗಲಿ ಸಿಲಿಕಾ ಆಗಲಿ ಶ್ವಾಸಕೋಶಕ್ಕೆ ಒಳ್ಳೆಯದಲ್ಲ. 2024ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ ಟಾಲ್ಕನ್ನು "ಬಹುಶಃ ಕ್ಯಾನ್ಸರ್‌ಕಾರಕ" ಗುಂಪಿಗೆ ಸೇರಿಸಿತು. ಒಂದು ಮದುವೆ ಮೇಕಪ್‌ಗೆ ಹೆದರಬೇಕು ಅಂತ ಹೇಳುತ್ತಿಲ್ಲ. ಆದರೆ ಅಸ್ತಮಾ ಇರುವವರು ಮೋಡ ಎಬ್ಬಿಸುವ ಈ ಕೆಲಸವನ್ನೇ ಬಿಡುವುದು ಒಳ್ಳೆಯದು.

ಸುಮ್ನೆ ಬಂದೆ

ಬೇಕರಿ ಇಲ್ಲ ಅಂತ ಹೊರಟಿದ್ದೆ, ಓದುತ್ತಾ ಕೂತುಬಿಟ್ಟೆ. ಮನೆಯಲ್ಲಿ ಮೈಸೂರು ಸ್ಯಾಂಡಲ್ ಟಾಲ್ಕಮ್ ಪೌಡರ್ ಇದೆ. ಅದನ್ನೇ ಮೆತ್ತಿದರೆ ಆಗಲ್ವಾ? ನನಗೂ ಮೂಗು ಹೊಳೆಯುತ್ತದೆ. ಮೇ ತಿಂಗಳಲ್ಲಿ ನಾನೇ ಮದುಮಗ.

ಶಿವರಾಂಪೇಟೆ ಪಾರ್ಲರ್ ಅಕ್ಕ

ಶುಭಾಶಯ ಮದುಮಗನಿಗೆ! ಅದು ಸ್ನಾನ ಆದಮೇಲೆ ಮೈಗೆ ಹಾಕುವ ಪೌಡರ್, ಅದರ ಪರಿಮಳ ಅಲ್ಲಿಗೇ ಚೆಂದ. ಕಣ್ಣ ಹತ್ತಿರ ಸುವಾಸನೆಯ ಪೌಡರ್ ಉರಿ ತರಬಹುದು, ಬೆಳ್ಳಗೂ ಕಾಣುತ್ತದೆ. ಅಕ್ಕಿ ಹಿಟ್ಟು, ಕಡಲೆ ಹಿಟ್ಟು ಅಂತ ಯಾರಾದರೂ ಹೇಳಿದರೆ ಅದೂ ಬೇಡ, ತರಿ ತರಿ.

ಮೇ ತಿಂಗಳು, ಗಂಡು ಮುಖ, ಪಕ್ಕದಲ್ಲಿ ಹೋಮದ ಬೆಂಕಿ. ನಿಮಗೆ ಮೂಗು, ಹಣೆಗೆ ಮಾತ್ರ ಮೂರು ನಿಮಿಷದ ಬೇಕಿಂಗ್ ಸಾಕು. ಗಡ್ಡದ ಮೇಲೆ ಪೌಡರ್ ಬೀಳದ ಹಾಗೆ ನೋಡಿಕೊಳ್ಳಿ. ಇಲ್ಲದಿದ್ದರೆ ಒಂದೇ ದಿನದಲ್ಲಿ ತಾತ ಆಗುತ್ತೀರಿ.

ಕುವೆಂಪುನಗರ ಟೀಚರ್

ನನಗೆ 51. ನಲವತ್ತು ದಾಟಿದವರು ಬೇಕಿಂಗ್ ಕಡೆ ತಲೆ ಹಾಕಿಯೂ ಮಲಗಬಾರದು. ಎರಡು ವರ್ಷದ ಹಿಂದೆ ದಸರಾ ಸಮಯದಲ್ಲಿ ಒಂದು ಕಾರ್ಯಕ್ರಮದ ನಿರೂಪಣೆ ಮಾಡಿದೆ. ವೇದಿಕೆ, ಲೈಟು ಅಂತ ಹೇಳಿ ಮೆತ್ತಿದರು. ಮನೆಗೆ ಬಂದು ಕನ್ನಡಿ ನೋಡಿದರೆ ನಮ್ಮ ಅಮ್ಮ ನಿಂತಿದ್ದ ಹಾಗಿತ್ತು.

ಶಿವರಾಂಪೇಟೆ ಪಾರ್ಲರ್ ಅಕ್ಕ

ಟೀಚರ್, ವಯಸ್ಸಿನ ಲೆಕ್ಕ ನಾನು ಒಪ್ಪುವುದಿಲ್ಲ. 55ರ ಗಿರಾಕಿಯೊಬ್ಬರಿದ್ದಾರೆ, ಹಣೆ ಮೇಲೆ ಒಗ್ಗರಣೆ ಹಾಕಬಹುದು ಅಷ್ಟು ಜಿಡ್ಡು. ಅವರ ಹಣೆಗೆ ನಾನು ಪ್ರತಿ ಸಲ ಬೇಕ್ ಮಾಡುತ್ತೇನೆ. 22ರ ಹುಡುಗಿಯರಿಗೆ ಕಣ್ಣ ಕೆಳಗೆ ನಕ್ಕರೆ ನಾಲ್ಕು ಗೆರೆ ಬೀಳುವುದನ್ನೂ ನೋಡಿದ್ದೇನೆ. ರಾತ್ರಿ ಪಾಳಿ, ನಿದ್ದೆ ಇಲ್ಲ, ನೀರು ಕುಡಿಯುವುದಿಲ್ಲ. ವರ್ಷ ಎಣಿಸಬೇಡಿ, ಗೆರೆ ನೋಡಿ.

ಕುವೆಂಪುನಗರ ಟೀಚರ್

ಗೆರೆ ಎಣಿಸಿದರೂ ನಾನು ಫೇಲೇ ಬಿಡಿ. ಈಗ ನಾನು ಮಾಡುವುದಿಷ್ಟು. ಮಾಯಿಶ್ಚರೈಸರ್ ಹಚ್ಚಿ ಹತ್ತು ನಿಮಿಷ ಸುಮ್ನೆ ಇರುತ್ತೇನೆ, ಅಷ್ಟರಲ್ಲಿ ಕಾಫಿ ಆಗುತ್ತದೆ. ಕನ್ಸೀಲರ್ ಕಡಲೆ ಕಾಳಷ್ಟು, ಕಣ್ಣಿನ ಒಳಮೂಲೆಗೆ ಮಾತ್ರ. ಒಂದು ಸಲ ಜೋರಾಗಿ ನಗುತ್ತೇನೆ. ಗೆರೆಯಲ್ಲಿ ಕೂತದ್ದನ್ನು ಉಂಗುರದ ಬೆರಳಿನಿಂದ ತಟ್ಟಿ ಬಿಡಿಸಿ, ತಕ್ಷಣ ಪಫ್‌ನ ತುದಿಯಿಂದ ಒಂದೇ ಒಂದು ಸಲ ಪೌಡರ್ ಒತ್ತುತ್ತೇನೆ. ಗೆರೆ ಬಿಡಿಸದೆ ಪೌಡರ್ ಹಾಕಿದರೆ ಆ ಗೆರೆಗೇ ಅಚ್ಚು ಹೊಡೆದ ಹಾಗೆ.

ಮೊಡವೆ ಪುರಾಣ

ಒಂದು ಮಾತು ಸೇರಿಸುತ್ತೇನೆ, ಯಾರಿಗಾದರೂ ಉಪಯೋಗ ಆಗಬಹುದು. ನಾನು ಮೊಡವೆಗೆ ಡಾಕ್ಟರ್ ಬರೆದುಕೊಟ್ಟ ಅಡಾಪಲೀನ್ ಕ್ರೀಮ್ ಹಚ್ಚುತ್ತೇನೆ. ಶುರುವಿನಲ್ಲಿ ಚರ್ಮ ಒಣಗಿ ಸಿಪ್ಪೆ ಏಳುತ್ತದೆ. "ನನ್ನದು ಜಿಡ್ಡು ಚರ್ಮ ಅಲ್ವಾ" ಅಂದುಕೊಂಡು ಗೆಳತಿಯ ಮದುವೆಗೆ ಬೇಕ್ ಮಾಡಿಕೊಂಡೆ. ಪೌಡರ್ ಒಂದೊಂದು ಸಿಪ್ಪೆಯನ್ನೂ ಹಿಡಿದುಕೊಂಡು ನಿಂತಿತು. ತೆಂಗಿನಕಾಯಿ ತುರಿ ಉದುರಿಸಿದ ಹಾಗೆ.

ಅಂದರೆ ಹೋದ ವರ್ಷ ನಿಮ್ಮ ಚರ್ಮ ಹೇಗಿತ್ತು ಅನ್ನುವುದು ಲೆಕ್ಕಕ್ಕಿಲ್ಲ. ಈ ವಾರ ಹೇಗಿದೆ ನೋಡಿ. ಮುಖಕ್ಕೆ ಬ್ಲೀಚ್, ಫೇಶಿಯಲ್ ಮಾಡಿಸಿದ ಮರುದಿನವೂ ಇದನ್ನು ಮಾಡಬೇಡಿ. ಹಾಗೇ, ಒದ್ದೆ ಸ್ಪಾಂಜನ್ನು ಒದ್ದೆಯಾಗೇ ಚೀಲಕ್ಕೆ ಹಾಕಿಡಬೇಡಿ. ಒಳಗೆ ಬೂಸಲು ಬರುತ್ತದೆ. ನನ್ನ ಮೊಡವೆಗೆ ಪೌಡರ್‌ಗಿಂತ ಆ ಸ್ಪಾಂಜಿನ ಮೇಲೇ ನನಗೆ ಅನುಮಾನ.

ಹೊಸಹಳ್ಳಿ ಹುಡುಗಿ

ಅಬ್ಬಾ, ಇಷ್ಟೊಂದು ಉತ್ತರ! ಎಲ್ಲರಿಗೂ ಥ್ಯಾಂಕ್ಸ್. ಟಿಶ್ಯೂ ಪರೀಕ್ಷೆ ಮಾಡಿದೆ. ಹಣೆ, ಮೂಗು: ಬೋಂಡ ಇಟ್ಟ ಪೇಪರ್. ಗಲ್ಲ: ಸ್ವಲ್ಪ. ಕೆನ್ನೆ, ಕಣ್ಣ ಕೆಳಗೆ: ಏನೂ ಇಲ್ಲ, ಟಿಶ್ಯೂ ಅಂಟಲೂ ಇಲ್ಲ.

ಅಷ್ಟಕ್ಕೇ ಬಿಡದೆ ಭಾನುವಾರ ಇನ್ನೊಂದು ಮಾಡಿದೆ. ಮುಖದ ಎಡಗಡೆ ಪೂರ್ತಿ ಬೇಕಿಂಗ್, ಹತ್ತು ನಿಮಿಷ. ಬಲಗಡೆ ಟೀಚರ್ ಮೇಡಂ ವಿಧಾನ. ಹಣೆಗೆ ಎರಡೂ ಕಡೆ ಐದು ನಿಮಿಷ ಬೇಕಿಂಗ್. ಬೆಳಿಗ್ಗೆ 10ಕ್ಕೆ ಹಾಕಿಕೊಂಡು ಮೈಸೂರು ಸಬರ್ಬನ್ ನಿಲ್ದಾಣದಿಂದ ಮಂಡ್ಯಕ್ಕೆ ಕೆಂಪು ಬಸ್ಸು ಹತ್ತಿದೆ. ಕಿಟಕಿ ಸೀಟು, ಬೇಕೆಂದೇ.

ಶ್ರೀರಂಗಪಟ್ಟಣ ದಾಟುವ ಹೊತ್ತಿಗೆ ಎಡಗಣ್ಣ ಕೆಳಗೆ ಬಿಗಿದ ಹಾಗೆ ಅನ್ನಿಸಿತು. ಮೊಬೈಲ್ ಕ್ಯಾಮೆರಾದಲ್ಲಿ ನೋಡಿದರೆ ಎರಡೂ ಕಡೆ ಚೆನ್ನಾಗೇ ಇತ್ತು. ನಿಜ ಹೇಳಬೇಕೆಂದರೆ ಎಡಗಡೆಯೇ ಜಾಸ್ತಿ ಚೆನ್ನಾಗಿತ್ತು, ಕಪ್ಪು ವೃತ್ತ ಪೂರ್ತಿ ಮಾಯ. ಒಂದು ಕ್ಷಣ ಇಷ್ಟೆಲ್ಲ ಕೇಳಿದ್ದೇ ದಂಡ ಅಂದುಕೊಂಡೆ. ಮಂಡ್ಯದಲ್ಲಿ ಇಳಿದು ಮನೆ ತಲುಪಿ, ಊಟ ಮಾಡಿ, ಅಮ್ಮನ ಹತ್ತಿರ ಹರಟಿ, ಎರಡು ಗಂಟೆಗೆ ಕನ್ನಡಿ ನೋಡಿದೆ. ಎಡಗಡೆ ಗದ್ದೆ ಬಿರಿದಿತ್ತು. ಬಲಗಡೆ ಕಪ್ಪು ವೃತ್ತ ಅಲ್ಪ ಸ್ವಲ್ಪ ಇಣುಕುತ್ತಿತ್ತು, ಆದರೆ ಚರ್ಮ ಚರ್ಮದ ಹಾಗೇ ಇತ್ತು. ಹಣೆ ಎರಡೂ ಕಡೆ ಅಲುಗಾಡಿಲ್ಲ! ಹಣೆಗೆ ಬೇಕಿಂಗ್ ನನಗೆ ಖಂಡಿತ ಆಗುತ್ತದೆ.

ಅಮ್ಮನಿಗೆ ಏನೂ ಹೇಳದೆ "ಯಾವ ಕಡೆ ಚೆನ್ನಾಗಿದೆ?" ಎಂದು ಕೇಳಿದೆ. "ಎಡಗಡೆ ನಿದ್ದೆ ಕೆಟ್ಟಿದ್ಯಾ?" ಎಂದರು. ಮುಗಿಯಿತು.

ಕತ್ತಲೆ ಫೋಟೋವನ್ನೂ ತೆಗೆದೆ, ಲ್ಯಾಬ್ ಕೋಟು ಮೇಡಂ. ಬೆಳ್ಳಗೆ ಏನೂ ಬರಲಿಲ್ಲ. ಅಂದರೆ ಡಬ್ಬಿ ಪಾಸ್, ನನ್ನ ಕಣ್ಣ ಕೆಳಗಿನ ಜಾಗ ಫೇಲ್.

ಶಿವರಾಂಪೇಟೆ ಪಾರ್ಲರ್ ಅಕ್ಕ

ಭೇಷ್! ಟ್ರಯಲ್‌ಗೆ ಬರುವವರು ಅರ್ಧ ಗಂಟೆ ಕನ್ನಡಿ ನೋಡಿ, ಸೆಲ್ಫಿ ತೆಗೆದು, ಮನೆಗೆ ಹೋಗಿ ಮುಖ ತೊಳೆದುಬಿಡುತ್ತಾರೆ. ಮೊದಲ ಅರ್ಧ ಗಂಟೆ ಬೇಕಿಂಗ್ ಯಾರಿಗೂ ಕೆಟ್ಟದಾಗಿ ಕಾಣುವುದಿಲ್ಲ. ನಾಲ್ಕನೇ ಗಂಟೆಯಲ್ಲಿ ನೋಡಬೇಕು.

ಒಂದು ತಕರಾರು ಮಾತ್ರ ಇದೆ. ಕೆಂಪು ಬಸ್ಸಿನ ಗಾಳಿ ಬೇರೆ, ಮಂಟಪದ ಲೈಟು, ಜನ, ಹೋಮದ ಶಾಖ ಬೇರೆ. ಅಲ್ಲಿ ಬೆವರುತ್ತೀರಿ. ಏನೂ ಪೌಡರ್ ಇಲ್ಲದಿದ್ದರೆ ಕನ್ಸೀಲರ್ ಇಳಿಯುತ್ತದೆ. ಕಣ್ಣ ಕೆಳಗೆ ಹೊರಮೂಲೆ ಬಿಟ್ಟು, ಮೂಗಿನ ಪಕ್ಕದ ಭಾಗಕ್ಕೆ ಮಾತ್ರ ತೆಳ್ಳಗೆ ಎರಡು ನಿಮಿಷ ಇಟ್ಟು ನೋಡಿ. ಕೊನೆಗೆ ಮೇಕಪ್ ಕೂರಿಸುವ ಸೆಟ್ಟಿಂಗ್ ಸ್ಪ್ರೇ ಹಾಕಿಸಿಕೊಳ್ಳಿ, ಪುಡಿಯ ಒಣಕಲು ನೋಟ ಇಳಿಯುತ್ತದೆ.

ಬಣ್ಣದ ಮನೆ

ನೀವೆಲ್ಲ ಮರೆತ ವಿಷಯ ಒಂದಿದೆ. ಅಳು. ಧಾರೆ ಎರೆಯುವಾಗ ಅಕ್ಕ ಅಳದೆ ಇರುತ್ತಾಳಾ? ದಪ್ಪ ಪೌಡರ್ ಮೇಲೆ ಕಣ್ಣೀರು ಇಳಿದರೆ ಕಾಲುವೆ ಬೀಳುತ್ತದೆ, ವಿ.ಸಿ. ನಾಲೆ ಹಾಗೆ. ಮತ್ತೆ ಪೌಡರ್ ಹಾಕಿ ಮುಚ್ಚಲು ಹೋದರೆ ಒದ್ದೆಗೆ ಹಿಡಿದು ಮುದ್ದೆ. ನಮ್ಮ ಅಪ್ಪ ದ್ರೌಪದಿ ಪಾತ್ರದವರಿಗೆ ಕಣ್ಣ ಕೆಳಗೆ ಬಣ್ಣವನ್ನೇ ತೆಳು ಮಾಡುತ್ತಿದ್ದರು, ಆಕೆ ಹೇಗೂ ಅಳಬೇಕಲ್ಲ. ಕರ್ಚೀಫಿನಿಂದ ಒರೆಸಬೇಡಿ. ಟಿಶ್ಯೂ ಮಡಚಿ ಕೆಳರೆಪ್ಪೆಯ ಅಂಚಿಗೆ ಹಿಡಿಯಿರಿ, ಕಣ್ಣೀರು ಕೆನ್ನೆಗೆ ಇಳಿಯುವ ಮೊದಲೇ.

ರಾಗಿಬಣ್ಣ

ತಂಗಿಯ ಕಥೆ ಏನಾಯಿತು? ಅವಳಿಗೆ ಬೇಕಿಂಗ್ ಇರುತ್ತಾ?

ಹೊಸಹಳ್ಳಿ ಹುಡುಗಿ

ಅವಳಿಗೆ ಪೂರ್ತಿ ಇರುತ್ತದೆ. ಅವಳ ಮುಖಕ್ಕೆ ಒಗ್ಗಿದೆ, ನಾನ್ಯಾಕೆ ಬೇಡ ಅನ್ನಲಿ? ಹಳದಿ ಛಾಯೆ ಪೌಡರ್ ತೋರಿಸಿ ಅಂತ ಪಾರ್ಲರ್‌ನವರಿಗೆ ಹೇಳಿದ್ದೇವೆ. ನನಗೆ ಹಣೆ, ಮೂಗು ಐದು ನಿಮಿಷ, ಕಣ್ಣ ಕೆಳಗೆ ಅಕ್ಕ ಹೇಳಿದ ಎರಡು ನಿಮಿಷವನ್ನು ಈ ವಾರ ಇನ್ನೊಂದು ಸಲ ನೋಡುತ್ತೇನೆ. ಆಗದಿದ್ದರೆ ಟೀಚರ್ ಮೇಡಂ ವಿಧಾನವೇ. ಕಪ್ಪು ವೃತ್ತ ಒಂಚೂರು ಕಂಡರೆ ಕಾಣಲಿ ಬಿಡಿ, ಮದುವೆ ಮನೆಯಲ್ಲಿ ರಾತ್ರಿಯೆಲ್ಲ ದುಡಿದಿದ್ದಾಳೆ ಪಾಪ ಅಂದುಕೊಳ್ಳುತ್ತಾರೆ.

ಆದರೆ ಈಗ ಹೊಸ ತೊಂದರೆ. ಮೊಡವೆ ಪುರಾಣ ಹೇಳಿದ ಮೇಲೆ ಪಫ್ ತೊಳೆದು ಬಿಸಿಲಿಗೆ ಇಟ್ಟಿದ್ದೆ. ಅಮ್ಮ ಅದರಲ್ಲಿ ದೇವರ ಮನೆಯ ದೀಪ ಒರೆಸಿದ್ದಾರೆ. ಮೈಸೂರಿನಲ್ಲಿ ಒಳ್ಳೆಯ ವೆಲ್ವೆಟ್ ಪಫ್ ಎಲ್ಲಿ ಸಿಗುತ್ತದೆ?

ಶಿವರಾಂಪೇಟೆ ಪಾರ್ಲರ್ ಅಕ್ಕ

ದೇವರಾಜ ಅರಸು ರಸ್ತೆಗೆ ಬನ್ನಿ, ಫ್ಯಾನ್ಸಿ ಅಂಗಡಿಗಳಲ್ಲಿ ಕೇಳಿ. ತ್ರಿಕೋನ ಆಕಾರದ್ದು ತೆಗೆದುಕೊಳ್ಳಿ, ಕಣ್ಣಿನ ಮೂಲೆಗೆ ಹೋಗುತ್ತದೆ. ಎರಡು ತನ್ನಿ, ಒಂದು ಅಮ್ಮನಿಗೆ.